ಮೀನು ಹಿಡಿಯೋ ಹುಡುಗರ ಪಂಕ್ ಬ್ಯಾಂಡು: ಡಿಸೆಂಡೆಂಟ್ಸ್ ಮೇಲೆ ಬಂದಿದ್ದು ಹೇಗೆ

ಗ್ರೀನ್ ಡೇ, ಬ್ಲಿಂಕ್-182, ಆಫ್‌ಸ್ಪ್ರಿಂಗ್ ಅನ್ನೋ ಅಮೆರಿಕಾದ ಪಂಕ್ (ಜೋರಾಗಿ, ಸ್ಪೀಡಾಗಿ ಬಾರಿಸೋ ರಾಕ್) ಬ್ಯಾಂಡುಗಳನ್ನೆಲ್ಲ ಕೇಳ್ಕೊಂಡು ಬೆಳೆದೋರು ಬೇಕಾದಷ್ಟು ಜನ ಸಿಗ್ತಾರೆ, ಆದ್ರೆ ಅವರಲ್ಲಿ ಡಿಸೆಂಡೆಂಟ್ಸ್ ಅನ್ನೋ ಹೆಸರು ಗೊತ್ತಿರೋರು ಕಮ್ಮಿ. ಸ್ಪೀಡಾಗಿ ಬಾರಿಸೋ ಡ್ರಮ್ಮು, ಅದರ ಮೇಲೆ ಒಂದೇ ಸಲ ಕೇಳಿದ್ರೂ ಬಾಯಲ್ಲಿ ಕೂತ್ಕೊಳ್ಳೋ ಟ್ಯೂನು, ವಿಷಯ ಏನಪ್ಪಾ ಅಂದ್ರೆ ಹುಡುಗಿ ಒಪ್ಪಲಿಲ್ಲ, ಅಪ್ಪ ಬೈದ, ಹೊಟ್ಟೆ ಹಸಿದಿದೆ. ಪಾಪ್ ಪಂಕ್ ಅಂತ ಕರೆಯೋ ಈ ಫಾರ್ಮುಲಾದ ಬೇರು ಹುಡುಕ್ಕೊಂಡು ಹೋದ್ರೆ ಕ್ಯಾಲಿಫೋರ್ನಿಯಾದ ಸಮುದ್ರ ತೀರದಲ್ಲಿ, ಲಾಸ್ ಏಂಜಲೀಸ್ ಪಕ್ಕದ ಒಂದೆರಡು ಸಣ್ಣ ಊರುಗಳಿಗೆ ಬಂದು ನಿಲ್ತೀವಿ. ವಿಚಿತ್ರ ಅಂದ್ರೆ ಈ ಬ್ಯಾಂಡು ಮೇಲೆ ಬಂದ ರೀತಿ ಮಾಮೂಲಿ ರಾಕ್ ಬ್ಯಾಂಡ್ ಕಥೆ ತರ ಇಲ್ಲವೇ ಇಲ್ಲ, ಬ್ಯಾಂಡನ್ನೇ ಹೊಟ್ಟೆಪಾಡು ಮಾಡ್ಕೊಳ್ಳದೇ ಇದ್ದೋರು ಅದರಲ್ಲಿ ಜಾಸ್ತಿ ಇದ್ದಿದ್ದಕ್ಕೇ ಅದು ಉಳೀತು ಅಂತ ನನ್ನ ಅನಿಸಿಕೆ.

ಮೊದಲು ಜಾಗದ ಬಗ್ಗೆ. ಲಾಸ್ ಏಂಜಲೀಸ್ ಏರ್‌ಪೋರ್ಟಿಂದ ದಕ್ಷಿಣಕ್ಕೆ ಇಳಿದ್ರೆ ಎಲ್ ಸೆಗುಂಡೋದ ಎಣ್ಣೆ ರಿಫೈನರಿ, ಅದು ದಾಟಿದ್ರೆ ಮ್ಯಾನ್‌ಹಾಟನ್ ಬೀಚ್, ಹರ್ಮೋಸಾ ಬೀಚ್, ರೆಡಾಂಡೊ ಬೀಚ್ ಒಂದಕ್ಕೊಂದು ಅಂಟ್ಕೊಂಡೇ ಇವೆ, ಇದನ್ನೆಲ್ಲ ಸೇರಿಸಿ ಸೌತ್ ಬೇ ಅಂತಾರೆ. ವಿಮಾನ, ರಾಕೆಟ್ ಕಂಪನಿಗಳಲ್ಲಿ ಕೆಲಸ ಮಾಡೋರ ಮನೆಗಳು, ಹುಲ್ಲು ಕತ್ತರಿಸಿದ ಅಂಗಳ, ಬೀದಿ ಕೊನೇಲಿ ಸಮುದ್ರ. 60ರ ದಶಕದಲ್ಲಿ ಬಿಸಿಲು, ಸರ್ಫಿಂಗು, ಕಾರು, ಹುಡುಗೀರು ಅಂತ ಹಾಡಿ ಇಡೀ ಅಮೆರಿಕಾನೇ ಕುಣಿಸಿದ ಬೀಚ್ ಬಾಯ್ಸ್ ಕೂಡ ಇಲ್ಲೇ ಪಕ್ಕದ ಹಾಥಾರ್ನ್ ಊರಿನೋರು. ಹದಿನೈದು ವರ್ಷ ಕಳೀತು ನೋಡಿ, ಅದೇ ತೀರದ ಹುಡುಗರಿಗೆ ಆ ಬಿಸಿಲಿನ ಕಥೆ ಮೇಲೆ ನಂಬಿಕೆ ಹೋಗಿತ್ತು.

ಹರ್ಮೋಸಾ ಬೀಚಲ್ಲಿ 1976ರಲ್ಲಿ ಗ್ರೆಗ್ ಗಿನ್ ಮತ್ತು ಕೀತ್ ಮಾರಿಸ್ ಸೇರಿ ಶುರು ಮಾಡಿದ ಬ್ಯಾಂಡು ಆಮೇಲೆ ಬ್ಲ್ಯಾಕ್ ಫ್ಲ್ಯಾಗ್ ಆಯ್ತು. ಕೀತ್‌ನ ಅಪ್ಪಂದು ಅಲ್ಲೇ ಗಾಳದ ಹುಳ, ಎರೆ ಮಾರೋ ಅಂಗಡಿ. ಗಿನ್ ಹುಡುಗನಾಗಿದ್ದಾಗಿಂದ ರೇಡಿಯೋ ಬಿಡಿಭಾಗಗಳನ್ನ ಪೋಸ್ಟಲ್ಲಿ ಮಾರ್ತಿದ್ದ, ಆ ಬಿಸಿನೆಸ್ಸಿನ ಹೆಸರು ಎಸ್‌ಎಸ್‌ಟಿ. ಯಾವ ರೆಕಾರ್ಡ್ ಕಂಪನೀನೂ ಇವರ ಕಡೆ ತಿರುಗಿ ನೋಡದಿದ್ದಾಗ ಅದೇ ಹೆಸರಲ್ಲಿ ತಾನೇ ರೆಕಾರ್ಡ್ ಹೊರಗೆ ತಂದ. ಅಂಗಡಿಗೆ ತಾವೇ ರೆಕಾರ್ಡ್ ಹೊತ್ಕೊಂಡು ಹೋಗೋದು, ಕಂಬಕ್ಕೆ ತಾವೇ ಪೋಸ್ಟರ್ ಅಂಟಿಸೋದು, ಯಾವ ಊರಲ್ಲಿ ಯಾರು ಶೋ ಕೊಡಿಸ್ತಾರೆ ಅಂತ ಫೋನ್ ನಂಬರ್ ಲಿಸ್ಟ್ ಮಾಡ್ಕೊಳ್ಳೋದು, ಈ ದಾರಿ ಹಾಕಿದ್ದು ಇವರೇ. 1979ರ ಜುಲೈನಲ್ಲಿ ಮ್ಯಾನ್‌ಹಾಟನ್ ಬೀಚಿನ ಪಾಲಿವಾಗ್ ಪಾರ್ಕಲ್ಲಿ ಬ್ಲ್ಯಾಕ್ ಫ್ಲ್ಯಾಗ್ ಹೋಗಿ ನುಡಿಸ್ತು, ಭಾನುವಾರ ಮಕ್ಕಳು ಮರಿ ಕರ್ಕೊಂಡು ಬುತ್ತಿ ಕಟ್ಕೊಂಡು ಬಂದಿದ್ದ ಜನ ಒಂದೆರಡು ಹಾಡು ಕೇಳಿ ಬುತ್ತೀಲಿದ್ದ ತಿಂಡಿ, ಹಣ್ಣನ್ನೇ ಸ್ಟೇಜ್ ಕಡೆ ಎಸೆಯೋಕೆ ಶುರು ಮಾಡಿದ್ರು. ಊರು ಇವರನ್ನ ಹೆಂಗೆ ನೋಡ್ತಿತ್ತು ಅನ್ನೋದಕ್ಕೆ ಇದಕ್ಕಿಂತ ಸಾಕ್ಷಿ ಬೇಡ.

ಡಿಸೆಂಡೆಂಟ್ಸ್ ಹುಟ್ಟಿದ್ದು ಇದೇ ಗಾಳೀಲಿ, ಆದ್ರೆ ಬ್ಲ್ಯಾಕ್ ಫ್ಲ್ಯಾಗಿನಷ್ಟು ಸಿಟ್ಟು ಇವರಿಗೆ ಇರ್ಲಿಲ್ಲ, ಅಥವಾ ಸಿಟ್ಟು ಇತ್ತು, ಅದರ ಜೊತೆ ನಗುನೂ ಇತ್ತು. 1977ರ ಹೊತ್ತಿಗೆ ಫ್ರ್ಯಾಂಕ್ ನವೆಟ್ಟಾ ಅನ್ನೋ ಹುಡುಗ ಗಿಟಾರ್ ಹಿಡ್ಕೊಂಡು ಹಾಡು ಕಟ್ತಿದ್ದ, ಅವನ ಜೊತೆ ಸೇರಿದ್ದು ಅವನದೇ ಮೀರಾ ಕೋಸ್ಟಾ ಹೈಸ್ಕೂಲಿನ ಬಿಲ್ ಸ್ಟೀವನ್ಸನ್, ಡ್ರಮ್ಮು. ಇಬ್ಬರಿಗೂ ಮ್ಯೂಸಿಕ್ಕಿನಷ್ಟೇ ಮೀನಿನ ಹುಚ್ಚು. ಟೈಮ್‌ಪಾಸ್‌ಗೆ ಗಾಳ ಹಾಕೋದಲ್ಲ, ದೋಣಿ ತಗೊಂಡು ಸಮುದ್ರಕ್ಕೆ ಹೋಗಿ ಹಿಡಿದು ಮಾರೋ ಮಟ್ಟದ ಹುಚ್ಚು. ಬಾಸ್, ಅಂದ್ರೆ ತಗ್ಗು ದನಿಯ ಗಿಟಾರ್, ನುಡಿಸೋಕೆ ಸಿಕ್ಕಿದ್ದು ಟೋನಿ ಲೊಂಬಾರ್ಡೊ, ಅಂಚೆ ಇಲಾಖೆ ನೌಕರ. ಬಿಲ್‌ಗೆ ಆಗ 15ರ ಆಸುಪಾಸು, ಟೋನಿ ಆಗ್ಲೇ 30 ದಾಟಿದ್ದ! ಹೈಸ್ಕೂಲ್ ಹುಡುಗರು, ಪೋಸ್ಟ್ ಆಫೀಸಿನ ಮನುಷ್ಯ ಒಂದೇ ಬ್ಯಾಂಡಲ್ಲಿ. 1979ರಲ್ಲಿ ಮೂವರೇ ಸೇರಿ ಓರ್ಕಾ ಅನ್ನೋ ಲೇಬಲ್ (ರೆಕಾರ್ಡ್ ಕಂಪನಿ) ಹೆಸರಲ್ಲಿ ಒಂದು ಸಿಂಗಲ್ (ಎರಡು ಹಾಡಿನ ರೆಕಾರ್ಡ್) ತಂದ್ರು. ಕೇಳಿದ್ರೆ ಅದು ಪಂಕ್ ಅನ್ನೋದಕ್ಕಿಂತ ಸರ್ಫ್ ಮ್ಯೂಸಿಕ್‌ಗೆ, 60ರ ದಶಕದ ಪಾಪ್‌ಗೆ ಹತ್ರ ಇದೆ. ಈ ಸಂಗತಿ ನೆನಪಿಟ್ಕೊಳ್ಳಿ, ಯಾಕಂದ್ರೆ ಮುಂದೆ ಎಷ್ಟೇ ಸ್ಪೀಡಾದ್ರೂ ಟ್ಯೂನ್ ಬಿಟ್ಟುಕೊಡದೇ ಇದ್ದಿದ್ದಕ್ಕೆ ಕಾರಣ ಇಲ್ಲಿದೆ.

1980ರಲ್ಲಿ ಹಾಡೋಕೆ ಬಂದಿದ್ದು ಮೈಲೋ ಆಕರ್ಮನ್. ಅದೇ ಸ್ಕೂಲು, ದಪ್ಪ ಗಾಜಿನ ಕನ್ನಡಕ, ಓದೋದ್ರಲ್ಲಿ ಮುಂದು. ರಾಕ್ ಹಾಡುಗಾರ ಅಂದ್ರೆ ಕಣ್ಣ ಮುಂದೆ ಬರೋ ಯಾವ ಚಿತ್ರಕ್ಕೂ ಹೊಂದದ ಮುಖ. ಇವನು ಬಂದ ಮೇಲೆ ಹಾಡುಗಳ ಸ್ಪೀಡೇ ಬದಲಾಯ್ತು, ಅದರಲ್ಲಿ ಕಾಫಿದೂ ಒಂದು ಪಾಲಿದೆ. ತಮಾಷೆ ಅಲ್ಲ, ಡ್ರಗ್ಸ್ ಜಾಗದಲ್ಲಿ ಇವರು ಕಾಫಿ ಹಿಡ್ಕೊಂಡಿದ್ರು, ಕಪ್ಪಿಗೆ ಇನ್‌ಸ್ಟಂಟ್ ಪುಡಿ, ಸಕ್ಕರೆ ಎರಡನ್ನೂ ಸುರ್ಕೊಂಡು ಪಾಕದ ತರ ಗಟ್ಟಿಯಾಗಿ ಕುಡಿಯೋರು. 1981ರಲ್ಲಿ ಬಂದ ‘ಫ್ಯಾಟ್’ ಇಪಿಯಲ್ಲಿ (ಆಲ್ಬಮ್ಮಿಗಿಂತ ಚಿಕ್ಕ ರೆಕಾರ್ಡ್) ಐದು ಹಾಡು, ಒಂದು ಮೀನಿನ ಮೇಲೆ, ಒಂದು ಊಟದ ಮೇಲೆ, ಒಂದು ಅಪ್ಪನ ಮೇಲೆ, ಇನ್ನೊಂದಂತೂ ಫಾಸ್ಟ್‌ಫುಡ್ ಕೌಂಟರಲ್ಲಿ ನಡೆಯೋ ಮಾತುಕತೆ, ಒಂದು ಸಲ ಉಸಿರು ಎಳ್ಕೊಳ್ಳೋದ್ರೊಳಗೆ ಮುಗಿದೇ ಹೋಗುತ್ತೆ. ಇದನ್ನ ಹೊರಗೆ ತಂದಿದ್ದು ನ್ಯೂ ಅಲಯನ್ಸ್, ಅಂದ್ರೆ ದಕ್ಷಿಣಕ್ಕೆ ಸ್ವಲ್ಪ ದೂರದ ಸ್ಯಾನ್ ಪೆಡ್ರೋ ಬಂದರಿನ ಮಿನಿಟ್‌ಮೆನ್ ಬ್ಯಾಂಡಿನ ಡಿ ಬೂನ್, ಮೈಕ್ ವಾಟ್ ಸೇರಿ ನಡೆಸ್ತಿದ್ದ ಲೇಬಲ್. ಇಲ್ಲೂ ಸ್ನೇಹಾನೇ ಬಂಡವಾಳ.

1982ರ ಜೂನ್‌ನಲ್ಲಿ ರೆಡಾಂಡೊ ಬೀಚಿನ ಒಂದು ಸ್ಟುಡಿಯೋದಲ್ಲಿ ಮೊದಲ ಆಲ್ಬಂ ರೆಕಾರ್ಡ್ ಆಯ್ತು, ಪ್ರೊಡ್ಯೂಸ್ ಮಾಡಿದ್ದು ಬ್ಲ್ಯಾಕ್ ಫ್ಲ್ಯಾಗ್ ಜೊತೆ ಇರ್ತಿದ್ದ ಸ್ಪಾಟ್ ಅನ್ನೋನು. 15 ಹಾಡು, ಒಟ್ಟು 22 ನಿಮಿಷ. ಹೆಸರು ‘ಮೈಲೋ ಗೋಸ್ ಟು ಕಾಲೇಜ್’, ಯಾಕಂದ್ರೆ ಮೈಲೋ ನಿಜವಾಗ್ಲೂ ಬಯಾಲಜಿ ಓದೋಕೆ ಕಾಲೇಜಿಗೆ ಹೊರಟಿದ್ದ. ಕವರ್ ಮೇಲೆ ಕನ್ನಡಕ, ಟೈ ಹಾಕಿರೋ ಮೈಲೋನ ಕಾರ್ಟೂನು, ಸ್ಕೂಲಲ್ಲಿ ಅವನನ್ನ ಆಡ್ಕೊಂಡು ಬರೆದಿದ್ದ ಚಿತ್ರಾನೇ ಅದಕ್ಕೆ ಮೂಲ. ಆಡ್ಕೊಂಡಿದ್ದನ್ನೇ ಬಾವುಟ ಮಾಡ್ಕೊಂಡ್ರು, ಇವತ್ತಿಗೂ ಜನ ಅದನ್ನ ಟೀಶರ್ಟ್ ಮೇಲೆ, ಕೈ ಮೇಲೆ ಹಚ್ಚೆ ಹಾಕಿಸ್ಕೊಂಡು ಓಡಾಡ್ತಾರೆ. ಈ ಆಲ್ಬಮ್ಮಲ್ಲಿ ಕಿವಿ ಇಟ್ಟು ಕೇಳಬೇಕಾಗಿದ್ದು ಬಾಸು. ಗಿಟಾರ್ ಒಂದೇ ಸಮ ಗರಗಸದ ತರ ಕೊಯ್ತಾ ಇರುತ್ತೆ, ಟೋನಿಯ ಬಾಸ್ ಮಾತ್ರ ಅದರ ಕೆಳಗೆ ಬೇರೇನೇ ಒಂದು ರಾಗ ಹಾಡ್ಕೊಂಡು ಮೇಲೆ ಕೆಳಗೆ ಓಡಾಡುತ್ತೆ, ಬಿಲ್‌ನ ಡ್ರಮ್ಮು ಇಬ್ಬರನ್ನೂ ಹಿಂದಿಂದ ತಳ್ತಾ ಇರುತ್ತೆ. ನಾಲ್ಕೂ ಜನ ಹಾಡು ಬರೀತಿದ್ರು, ಹಾಗಾಗಿ ಒಬ್ಬನ ಸಿಟ್ಟು, ಇನ್ನೊಬ್ಬನ ವಿರಹ, ಮತ್ತೊಬ್ಬನ ಮನೆ-ಮಠದ ಆಸೆ ಎಲ್ಲ ಒಂದರ ಹಿಂದೆ ಒಂದು ಬರುತ್ತೆ. ಎಲ್ಲಾ ಚೆನ್ನಾಗಿದೆ ಅಂತ ಹೇಳೋ ಹಾಗಿಲ್ಲ ಬಿಡಿ. ಸಲಿಂಗಿಗಳ ಬಗ್ಗೆ, ಹುಡುಗೀರ ಬಗ್ಗೆ ಇರೋ ಕೆಲವು ಸಾಲುಗಳು ಕೊಳಕಾಗಿವೆ, ಹುಡುಗು ವಯಸ್ಸು ಅಂತ ಮುಚ್ಚಿಹಾಕೋಕಾಗಲ್ಲ.

ಬೇರೆ ಬ್ಯಾಂಡಾಗಿದ್ರೆ ಇಂಥ ಆಲ್ಬಂ ಬಂದ ತಕ್ಷಣ ಊರೂರು ಸುತ್ತಿ ಹೆಸರು ಮಾಡ್ಕೊಳ್ತಿತ್ತು, ಇವರದ್ದು ಉಲ್ಟಾ, ಆಲ್ಬಂ ಬರೋ ಹೊತ್ತಿಗೆ ಹಾಡುಗಾರ ಸ್ಯಾನ್ ಡಿಯಾಗೋದಲ್ಲಿ ಕ್ಲಾಸಲ್ಲಿ ಕೂತಿದ್ದ. ಬಿಲ್ ಹೋಗಿ ಬ್ಲ್ಯಾಕ್ ಫ್ಲ್ಯಾಗಿಗೆ ಡ್ರಮ್ಮರ್ ಆದ, ಅಲ್ಲಿ ವರ್ಷಗಟ್ಟಲೆ ವ್ಯಾನಲ್ಲಿ ಸುತ್ತಿ ಟೂರ್ ಮಾಡೋದು ಹೇಗೆ ಅನ್ನೋದನ್ನ ಕಲ್ತ. ನವೆಟ್ಟಾ ಕಥೆ ಇನ್ನೂ ವಿಚಿತ್ರ, ಒಂದು ದಿನ ತನ್ನ ಮ್ಯೂಸಿಕ್ ಸಾಮಾನನ್ನೆಲ್ಲ ಸುಟ್ಟುಹಾಕಿ ಒರೆಗಾನ್‌ಗೆ ಹೋಗಿ ಮೀನುಗಾರನೇ ಆಗ್ಬಿಟ್ಟ. 1985ರಲ್ಲಿ ಬ್ಯಾಂಡು ಮತ್ತೆ ಸೇರಿ ಎರಡನೇ ಆಲ್ಬಂ ತಂದಾಗ ಗಿಟಾರಲ್ಲಿ ರೇ ಕೂಪರ್ ಬಂದಿದ್ದ, ಇನ್ನೇನು ದೇಶ ಸುತ್ತಬೇಕು ಅನ್ನೋ ಹೊತ್ತಿಗೆ ಟೋನಿ ನಾನು ಬರಲ್ಲ ಅಂದ. ಅಂಚೆ ಇಲಾಖೆಯ ಖಾಯಂ ನೌಕರಿ ಬಿಟ್ಟು ವ್ಯಾನಲ್ಲಿ ಮಲಗೋಕೆ ಯಾರು ಬರ್ತಾರೆ ಹೇಳಿ, ಅದೂ 40ರ ವಯಸ್ಸಲ್ಲಿ.

ಆದ್ರೂ 1985ರಿಂದ 87ರವರೆಗಿನ ಟೂರ್‌ಗಳೇ ಇವರ ಹೆಸರನ್ನ ಕರಾವಳಿಯಿಂದ ಹೊರಗೆ ಒಯ್ದಿದ್ದು. ರೇಡಿಯೋದಲ್ಲಿ ಬರಲ್ಲ, ಟೀವೀಲಿ ಬರಲ್ಲ, ಬ್ಲ್ಯಾಕ್ ಫ್ಲ್ಯಾಗ್ ಓಡಾಡಿದ ರಸ್ತೇಲೇ ಊರಿಂದ ಊರಿಗೆ ಹೋಗೋದು, ಸಣ್ಣ ಹಾಲಲ್ಲಿ ನುಡಿಸೋದು, ಮುಂದಿನ ಊರಿನ ಪೆಟ್ರೋಲಿಗೆ ಆಗೋಷ್ಟು ಬಂದ್ರೆ ಪುಣ್ಯ. 1987ರ ಆಲ್ಬಮ್ಮಿನ ಹೊತ್ತಿಗೆ ಸಾಲ್ಟ್ ಲೇಕ್ ಸಿಟಿಯ ಕಾರ್ಲ್ ಅಲ್ವಾರೆಜ್ ಬಾಸಿಗೆ, ಸ್ಟೀಫನ್ ಎಗರ್ಟನ್ ಗಿಟಾರಿಗೆ ಬಂದ್ರು, ಇವತ್ತಿಗೂ ಅವರೇ ಇದ್ದಾರೆ. ಆ ವರ್ಷದ ಆಲ್ಬಂ ಹೆಸರು ‘ಆಲ್’. ಇರೋದನ್ನೆಲ್ಲ ಕೊಡಬೇಕು, ಅರ್ಧಂಬರ್ಧಕ್ಕೆ ಒಪ್ಪಬಾರದು ಅನ್ನೋ ಇವರದೇ ಒಂದು ಸಿದ್ಧಾಂತ ಅದು, ಬಿಲ್ ಮತ್ತವನ ಮೀನು ಹಿಡಿಯೋ ಗೆಳೆಯ ಸೇರಿ ಅರ್ಧ ತಮಾಷೆಗೆ ಕಟ್ಟಿದ್ದು. ಮೈಲೋ ಮತ್ತೆ ಬಯಾಲಜಿಗೆ ವಾಪಸ್ ಹೋದಾಗ ಉಳಿದ ಮೂವರು ಬ್ಯಾಂಡಿನ ಹೆಸರನ್ನೇ ಆಲ್ ಅಂತ ಬದಲಾಯಿಸ್ಕೊಂಡು ಬೇರೆ ಹಾಡುಗಾರರನ್ನ ಇಟ್ಕೊಂಡು ಮುಂದುವರಿದ್ರು. ಮೈಲೋನ ಜಾಗ ಹಾಗೇ ಬಿಟ್ಟಿದ್ರು ಅನ್ನಿ.

ಮುಂದಿಂದು ದುಡ್ಡಿನ ಕಥೆ. 1991ರಲ್ಲಿ ನಿರ್ವಾಣ ಅನ್ನೋ ರಾಕ್ ಬ್ಯಾಂಡು ಗೆದ್ದ ಮೇಲೆ ದೊಡ್ಡ ಕಂಪನಿಗಳು ಗಿಟಾರ್ ಹಿಡಿದಿರೋ ಹುಡುಗರನ್ನೆಲ್ಲ ಹುಡುಕೋಕೆ ಶುರು ಮಾಡಿದ್ವು. 1994ರಲ್ಲಿ ಗ್ರೀನ್ ಡೇಯ ‘ಡೂಕಿ’, ಇದೇ ಕರಾವಳಿಯ ಆರೆಂಜ್ ಕೌಂಟಿಯಿಂದ ಬಂದ ಆಫ್‌ಸ್ಪ್ರಿಂಗ್‌ನ ‘ಸ್ಮ್ಯಾಶ್’ ಎರಡೂ ಬಂದ್ವು, ‘ಸ್ಮ್ಯಾಶ್’ ಒಂದೇ ಕೋಟಿ ಪ್ರತಿ ದಾಟ್ತು, ಅದೂ ಎಪಿಟಾಫ್ ಅನ್ನೋ ಸ್ವತಂತ್ರ ಲೇಬಲ್ಲಿಂದ. ಬ್ಲಿಂಕ್-182ರ ಮಾರ್ಕ್ ಹಾಪಸ್ ತಾನು ಡಿಸೆಂಡೆಂಟ್ಸ್ ಕೇಳಿ ಬೆಳೆದೋನು ಅಂತ ಬಾಯ್ತುಂಬ ಹೇಳ್ಕೊಂಡಿದ್ದಾನೆ. ಬಿತ್ತಿದೋರಿಗೆ ಏನು ಸಿಕ್ತು ಅಂತ ಕೇಳಿದ್ರೆ, ಆಲ್ ಬ್ಯಾಂಡನ್ನ ಇಂಟರ್‌ಸ್ಕೋಪ್ ಕಂಪನಿ ಸೇರಿಸ್ಕೊಂಡು 1995ರಲ್ಲಿ ಒಂದು ಆಲ್ಬಂ ತಂದು ಕೈಬಿಡ್ತು, ಅಷ್ಟೇ. ಆದ್ರೆ ಬಿಲ್ ಅಷ್ಟರಲ್ಲೇ ಬೇರೆ ಕೆಲಸ ಮಾಡಿದ್ದ. ಕೊಲೊರಾಡೋದ ಫೋರ್ಟ್ ಕಾಲಿನ್ಸಲ್ಲಿ 1994ರಲ್ಲಿ ಬ್ಲಾಸ್ಟಿಂಗ್ ರೂಮ್ ಅನ್ನೋ ಸ್ವಂತ ಸ್ಟುಡಿಯೋ ಎದ್ದಿತ್ತು, ಮುಂದಿನ ತಲೆಮಾರಿನ ಎಷ್ಟೋ ಪಂಕ್ ಬ್ಯಾಂಡುಗಳು ಅಲ್ಲಿಗೇ ಹೋಗಿ ರೆಕಾರ್ಡ್ ಮಾಡಿಸ್ಕೊಂಡ್ವು, ಅಂದ್ರೆ ಇವರ ಸೌಂಡನ್ನ ಇವರ ಕೈಯಲ್ಲೇ. 1996ರಲ್ಲಿ ಮೈಲೋನೂ ವಾಪಸ್ ಬಂದು ಎಪಿಟಾಫಲ್ಲಿ ‘ಎವ್ರಿಥಿಂಗ್ ಸಕ್ಸ್’ ಬಂತು. ಮೊದಲ ಸಲ ಸರಿಯಾದ ಟೈಮಿಗೆ ಸರಿಯಾದ ಜಾಗದಲ್ಲಿದ್ರು, ಟೂರೂ ಆಯ್ತು, ಅದಾದ ಮೇಲೆ ಮೈಲೋ ಏನ್ ಮಾಡ್ದ ಅಂತೀರಿ? ಮತ್ತೆ ಲ್ಯಾಬಿಗೆ ಹೋದ.

ಇದು ಹುಡುಗಾಟದ ಓದಲ್ಲ. ಅವನು ಪಿಎಚ್‌ಡಿ ಮುಗಿಸಿ, ಡುಪಾಂಟ್ ಕಂಪನೀಲಿ ಗಿಡಗಳ ಮೇಲೆ ಸಂಶೋಧನೆ ಮಾಡೋ ವಿಜ್ಞಾನಿಯಾಗಿ ಡೆಲವೇರಲ್ಲಿ ಸಂಸಾರ ಹೂಡಿದ್ದ. 2004ರಲ್ಲಿ ಇನ್ನೊಂದು ಆಲ್ಬಂ, ಆಮೇಲೆ ಮತ್ತೆ ಮೌನ. 2008ರಲ್ಲಿ ನವೆಟ್ಟಾ ತೀರ್ಕೊಂಡ. 2010ರಲ್ಲಿ ಬಿಲ್ ತಲೇಲಿದ್ದ ಗಡ್ಡೆ ತೆಗೆಸ್ಕೊಂಡು ಚೇತರಿಸ್ಕೊಂಡ, ಅದೇ ವರ್ಷ ಬ್ಯಾಂಡು ಮತ್ತೆ ಸ್ಟೇಜ್ ಹತ್ತಿತು, ಈ ಸಲ ಫೆಸ್ಟಿವಲ್‌ಗಳ ದೊಡ್ಡ ಸ್ಟೇಜು. ಅಲ್ಲಿ ಕಾಯ್ಕೊಂಡಿದ್ದೋರು ಇವರ ಹಳೇ ರೆಕಾರ್ಡನ್ನ ಅಣ್ಣಂದಿರ ಹತ್ರ, ಗೆಳೆಯರ ಹತ್ರ ಇಸ್ಕೊಂಡು ಕೇಳಿ ಬಾಯಿಪಾಠ ಮಾಡಿದ್ದ ಜನ. ಜಾಹೀರಾತಿಲ್ಲದೆ, ಕೈಯಿಂದ ಕೈಗೆ ದಾಟಿ ಬೆಳೆದ ಹೆಸರು ಅದು.

2016ರಲ್ಲಿ ಡುಪಾಂಟ್ ಜನರನ್ನ ಕೆಲಸದಿಂದ ತೆಗೆದಾಗ ಮೈಲೋನೂ ಅದರಲ್ಲಿ ಹೋದ, 53ನೇ ವಯಸ್ಸಲ್ಲಿ ಮೊದಲ ಸಲ ಬರೀ ಹಾಡುಗಾರನಾದ. ಅದೇ ವರ್ಷ ಬಂದ ಆಲ್ಬಂ ಅಮೆರಿಕಾದ ಜನಪ್ರಿಯ ಆಲ್ಬಮ್ಮುಗಳ ಬಿಲ್‌ಬೋರ್ಡ್ ಪಟ್ಟಿಯಲ್ಲಿ 20ನೇ ಜಾಗಕ್ಕೆ ಏರಿತು, ಇದರ ಹೆಸರಲ್ಲೂ ಕಾಫಿಯ ಕೆಫೀನು ಇದೆ. 2021ರಲ್ಲಿ ಇನ್ನೊಂದು ಬಂತು, ‘ನೈನ್ತ್ ಆ್ಯಂಡ್ ವಾಲ್ನಟ್’. ಹೆಸರು ಲಾಂಗ್ ಬೀಚಲ್ಲಿ ಅವರು ಶುರುವಿನಲ್ಲಿ ಪ್ರಾಕ್ಟೀಸ್ ಮಾಡ್ತಿದ್ದ ರಸ್ತೆ ಮೂಲೆಯದ್ದು, ಹಾಡುಗಳು 1977ರಿಂದ 80ರ ನಡುವೆ ಬರೆದವು. ಫ್ರ್ಯಾಂಕ್, ಟೋನಿ, ಬಿಲ್ ಮೂವರೂ ಸೇರಿ 2002ರಲ್ಲಿ ವಾದ್ಯ ನುಡಿಸಿ ಇಟ್ಟಿದ್ರು, ಮೈಲೋ ತನ್ನ ಪಾಲನ್ನ ಹಾಡಿದ್ದು 2020ರಲ್ಲಿ, ಲಾಕ್‌ಡೌನಲ್ಲಿ ಪುರುಸೊತ್ತು ಸಿಕ್ಕಿದ ಮೇಲೆ.