ಬಾಟಲಿಯಲ್ಲಿ ಹುಟ್ಟಿದ ಜೀವಿ

ಸಮುದ್ರದ ಕೆಸರು ಜರಡಿ ಹಿಡಿಯುವುದು ನನ್ನ ಉದ್ಯೋಗ. ತಳದಿಂದ ತಂದ ಮಣ್ಣನ್ನು ಅರ್ಧ ಮಿಲಿಮೀಟರ್ ಕಣ್ಣಿನ ಜರಡಿಯಲ್ಲಿ ತೊಳೆದು, ಉಳಿದ ಹುಳ, ಚಿಪ್ಪುಗಳನ್ನು ಫಾರ್ಮಲಿನ್‌ಗೆ ಹಾಕಿ ಎಣಿಸುತ್ತೇವೆ. ಈ ಕೆಲಸಕ್ಕೆ ಹೊಸಬರು ಬಂದಾಗಲೆಲ್ಲ ನಾನು ಚಾರ್ಲ್ಸ್ ವೈವಿಲ್ ಥಾಮ್ಸನ್ ಸುದ್ದಿ ತೆಗೆಯುತ್ತೇನೆ. ಹತ್ತೊಂಬತ್ತನೇ ಶತಮಾನದ ಕಡಲಜೀವಿ ವಿಜ್ಞಾನಿ, ಆಳಸಮುದ್ರ ಶೋಧಿಸಿದ ಚಾಲೆಂಜರ್ ಹಡಗಿನ ಯಾನದಿಂದ ಹೆಸರಾದವನು. ಆದರೆ ನನಗೆ ಅವನು ಇಷ್ಟವಾಗುವುದು ಬೇರೆ ಕಾರಣಕ್ಕೆ.

ಹುಟ್ಟಿದ್ದು 1830ರಲ್ಲಿ, ಸ್ಕಾಟ್ಲೆಂಡಿನ ಲಿನ್ಲಿತ್‌ಗೋ ಹತ್ತಿರದ ಬಾನ್‌ಸೈಡ್‌ನಲ್ಲಿ. ಎಡಿನ್‌ಬರಾದಲ್ಲಿ ವೈದ್ಯಕೀಯಕ್ಕೆ ಸೇರಿದ, ಅದು ಮುಗಿಯಲಿಲ್ಲ. ಆಮೇಲೆ ಅಬರ್ಡೀನ್, ಕಾರ್ಕ್, ಬೆಲ್‌ಫಾಸ್ಟ್ ಅಂತ ಮೇಷ್ಟರ ಕೆಲಸ.

ಆಗ ಆಳಸಮುದ್ರದ ಜೀವಿಗಳ ಬಗ್ಗೆ ಎಡ್ವರ್ಡ್ ಫೋರ್ಬ್ಸ್ ಎಂಬ ವಿಜ್ಞಾನಿ ಹೇಳಿದ ಮಾತೇ ನಡೆಯುತ್ತಿತ್ತು. ಅವನು 1841–42ರಲ್ಲಿ ಗ್ರೀಸ್ ಬಳಿಯ ಏಜಿಯನ್ ಸಮುದ್ರದಲ್ಲಿ ಡ್ರೆಜ್ (ತಳ ಕೆರೆದು ತರುವ, ಚೀಲ ಕಟ್ಟಿದ ಚೌಕಟ್ಟು) ಎಳೆದು ನೋಡಿದ್ದ. ಆಳ ಹೆಚ್ಚಿದಂತೆ ಪ್ರಾಣಿಗಳು ಕಡಿಮೆ. ಸುಮಾರು 300 ಮಾರು, ಅಂದರೆ 550 ಮೀಟರ್ ಕೆಳಗೆ ಜೀವವೇ ಇರಲಾರದು ಅಂದುಬಿಟ್ಟ. ಏಜಿಯನ್ ಆಳದಲ್ಲಿ ಮೊದಲೇ ಜೀವ ತೆಳು. ಅವನ ಡ್ರೆಜ್ ಚೀಲದ ತೂತುಗಳೂ ಸಣ್ಣವು, ಬೇಗ ಕೆಸರು ಕಟ್ಟಿಕೊಳ್ಳುತ್ತಿತ್ತು. ಬಲೆಗೆ ಬೀಳದ್ದು ಸಮುದ್ರದಲ್ಲೇ ಇಲ್ಲ ಅನ್ನುವ ಈ ಜಾಡು ಇವತ್ತಿನ ವರದಿಗಳಲ್ಲೂ ಕಾಣುತ್ತದೆ, ಬಿಡಿ.

ನಾರ್ವೆಯ ಲೊಫೋಟನ್ ಬಳಿ 300 ಮಾರಿಗೂ ಆಳದಿಂದ ಕಾಂಡವಿರುವ ಒಂದು ಕಡಲ ಲಿಲ್ಲಿ ಸಿಕ್ಕಿತು. ಹೆಸರು ಲಿಲ್ಲಿ, ಆದರೆ ಪ್ರಾಣಿ, ನಕ್ಷತ್ರಮೀನಿನ ಬಳಗದ್ದು. ಥಾಮ್ಸನ್ ಆ ಗುಂಪನ್ನೇ ಅಭ್ಯಾಸ ಮಾಡುತ್ತಿದ್ದವನು. ನಾರ್ವೆಗೇ ಹೋಗಿ ಅದನ್ನು ಕಣ್ಣಾರೆ ನೋಡಿದ. ಆಮೇಲೆ ಗೆಳೆಯ ವಿಲಿಯಂ ಕಾರ್ಪೆಂಟರ್ ಜೊತೆ ಸೇರಿ ನೌಕಾಪಡೆಯಿಂದ ಹಡಗು ಕೇಳಿದ. 1868ರಲ್ಲಿ ಸಿಕ್ಕಿದ್ದು ಲೈಟ್ನಿಂಗ್ ಅನ್ನುವ ಹಳೇ ಸ್ಟೀಮರ್. ಹವೆಯೂ ಕೆಟ್ಟದು. ಆದರೂ 600 ಮಾರಿಗಿಂತ ಆಳದಿಂದ ಜೀವ ಬಂತು.

ಮರುವರ್ಷ ಪಾರ್ಕ್ಯುಪೈನ್ ಹಡಗು. ಬಿಸ್ಕೆ ಕೊಲ್ಲಿಯ ಕಡೆ 2,435 ಮಾರು ಆಳಕ್ಕೆ ಡ್ರೆಜ್ ಇಳಿಸಿದರು. ಸುಮಾರು ನಾಲ್ಕೂವರೆ ಕಿಲೋಮೀಟರ್. ಮೇಲೆ ಬಂದ ಬೂದು ಕೆಸರು 75 ಕಿಲೋದಷ್ಟು, ಅದರಲ್ಲಿ ಜೀವಿಗಳು. ಆ ಹಡಗಿನ ಕ್ಯಾಪ್ಟನ್ ಕ್ಯಾಲ್ವರ್ ಒಂದು ವಿಷಯ ಗಮನಿಸಿದ. ಎಷ್ಟೋ ಸಲ ಡ್ರೆಜ್ ಚೀಲದೊಳಗೆ ಕಡಿಮೆ ಸಿಗುತ್ತದೆ, ನಕ್ಷತ್ರಮೀನು, ಸ್ಪಂಜುಗಳು ಹೊರಗೇ ಅಂಟಿಕೊಂಡು ಬರುತ್ತವೆ. ಹಾಗಾಗಿ ಡೆಕ್ ಒರೆಸುವ ಸೆಣಬಿನ ಮಾಪ್‌ಗಳನ್ನೇ ಡ್ರೆಜ್‌ಗೆ ಕಟ್ಟಿ ಇಳಿಸಿದ. ಮುಳ್ಳಿನ ಪ್ರಾಣಿಗಳು ಸೆಣಬಿಗೆ ಸಿಕ್ಕಿಕೊಂಡು ಗೊಂಚಲು ಗೊಂಚಲಾಗಿ ಬಂದವು. ಪ್ರೊಫೆಸರಿಗೆ ಹೊಳೆಯದ್ದು ನಾವಿಕನಿಗೆ ಹೊಳೆಯಿತು, ಅಲ್ವಾ?

ಇದೇ ಹೊತ್ತಿಗೆ ಇನ್ನೊಂದು ಕಥೆ ನಡೆಯುತ್ತಿತ್ತು. 1868ರಲ್ಲಿ ಇಂಗ್ಲಿಷ್ ಜೀವವಿಜ್ಞಾನಿ ಥಾಮಸ್ ಹಕ್ಸ್‌ಲಿ, 1857ರಲ್ಲಿ ಅಟ್ಲಾಂಟಿಕ್ ತಳದಿಂದ ತಂದು ಆಲ್ಕೋಹಾಲ್‌ನಲ್ಲಿ ಇಟ್ಟಿದ್ದ ಕೆಸರನ್ನು ಮತ್ತೆ ಸೂಕ್ಷ್ಮದರ್ಶಕದಲ್ಲಿ ನೋಡಿದ. ಲೋಳೆಯಂಥದ್ದು ಕಂಡಿತು. ಅದು ತೀರಾ ಸರಳ ಜೀವಿ ಅಂತ ತಿಳಿದು, ಜರ್ಮನಿಯ ಜೀವವಿಜ್ಞಾನಿ ಹೆಕೆಲ್‌ನ ಗೌರವಕ್ಕೆ ಬ್ಯಾಥಿಬಿಯಸ್ ಹೆಕೆಲಿಯೈ ಎಂದು ಹೆಸರಿಟ್ಟ. ಸಮುದ್ರದ ತಳಕ್ಕೆಲ್ಲ ಈ ಲೋಳೆ ಹಾಸಿಕೊಂಡಿದೆ, ಜೀವದ ಮೂಲವೇ ಇದು ಅಂತೆಲ್ಲ ಮಾತು ಬೆಳೆಯಿತು. ಥಾಮ್ಸನ್ ಕೂಡ ನಂಬಿದ. 1873ರ ತನ್ನ ಪುಸ್ತಕದಲ್ಲೂ ಅದನ್ನು ಜೀವ ಅಂತಲೇ ಬರೆದ.

ಅಷ್ಟರಲ್ಲಿ ಥಾಮ್ಸನ್‌ನನ್ನು ಹೊತ್ತು ಚಾಲೆಂಜರ್ ಹೊರಟಾಗಿತ್ತು. 1872ರ ಡಿಸೆಂಬರ್‌ನಿಂದ 1876ರ ಮೇವರೆಗೆ, ಸುಮಾರು 69,000 ನಾಟಿಕಲ್ ಮೈಲಿ, 362 ಕಡೆ ನಿಂತು ಅಳತೆ. ಯುದ್ಧನೌಕೆಯ ಫಿರಂಗಿಗಳನ್ನು ಬಹುಪಾಲು ತೆಗೆದು ಆ ಜಾಗದಲ್ಲಿ ಲ್ಯಾಬ್ ಮಾಡಿದ್ದರು. ನಮ್ಮ ಅರಬ್ಬಿ ಸಮುದ್ರದ ಕಡೆ ಅದು ಬರಲೇ ಇಲ್ಲ. ಕೇಪ್‌ಟೌನಿನಿಂದ ದಕ್ಷಿಣಕ್ಕಿಳಿದು ಅಂಟಾರ್ಕ್ಟಿಕ್ ಹಿಮದಂಚು ಮುಟ್ಟಿ ಮೆಲ್ಬರ್ನ್‌ಗೆ ಹೋಯಿತು.

ಎಲ್ಲರೂ ಬ್ಯಾಥಿಬಿಯಸ್ ಹುಡುಕುತ್ತಿದ್ದರು. ತಾಜಾ ಕೆಸರಿನಲ್ಲಿ ಅದು ಸಿಗಲೇ ಇಲ್ಲ. ಆಲ್ಕೋಹಾಲ್ ಹಾಕಿಟ್ಟ ಬಾಟಲಿಗಳಲ್ಲಿ ಮಾತ್ರ ಕಾಣುತ್ತಿತ್ತು. ಹಡಗಿನ ರಸಾಯನಜ್ಞ ಜಾನ್ ಬುಕಾನನ್ ಒಂದು ನೇರ ಲೆಕ್ಕ ಹಾಕಿದ. ತಳದಲ್ಲಿ ಅಷ್ಟೊಂದು ಲೋಳೆ ಇದ್ದರೆ, ತಳದ ನೀರನ್ನು ಬತ್ತಿಸಿ ಸುಟ್ಟಾಗ ಜೀವದ ಅಂಶ ಕರಕಲಾಗಿ ಉಳಿದದ್ದು ಕಪ್ಪಾಗಬೇಕು. ಆಗಲಿಲ್ಲ. ಲೋಳೆಯನ್ನೇ ಪರೀಕ್ಷಿಸಿದ. ಕ್ಯಾಲ್ಸಿಯಂ ಸಲ್ಫೇಟ್, ಅಂದರೆ ಜಿಪ್ಸಮ್! ಸಮುದ್ರದ ನೀರಿಗೆ ಜಾಸ್ತಿ ಆಲ್ಕೋಹಾಲ್ ಬೆರೆತರೆ ಅದರಲ್ಲಿ ಕರಗಿದ್ದ ಜಿಪ್ಸಮ್ ಹೊರಬಂದು ಲೋಳೆಯಂತೆ ಕೂರುತ್ತದೆ. ಜೀವಿ ಹುಟ್ಟಿದ್ದು ಬಾಟಲಿಯಲ್ಲಿ.

ಪುಸ್ತಕ ಅಚ್ಚಾಗಿ ಎರಡೇ ವರ್ಷ. ಥಾಮ್ಸನ್ ಸುಮ್ನೆ ಇದ್ದುಬಿಡಬಹುದಿತ್ತು. 1875ರಲ್ಲಿ ಜಪಾನಿನಿಂದ ಹಕ್ಸ್‌ಲಿಗೆ ಪತ್ರ ಬರೆದು ವಿಷಯ ತಿಳಿಸಿದ. ಹಕ್ಸ್‌ಲಿಯೂ ಅದೇ ವರ್ಷ ನೇಚರ್ ಪತ್ರಿಕೆಯಲ್ಲಿ ಒಪ್ಪಿಕೊಂಡ. ಹೆಕೆಲ್ ಮಾತ್ರ ಅಷ್ಟು ಬೇಗ ಬಿಡಲಿಲ್ಲ.

ನಮ್ಮ ಲ್ಯಾಬಿನಲ್ಲಿ ಇದು ದಿನದ ತಾಪತ್ರಯ. ಜೀವಿಗಳು ಎದ್ದು ಕಾಣಲಿ ಅಂತ ರೋಸ್ ಬೆಂಗಾಲ್ ಬಣ್ಣ ಹಾಕುತ್ತೇವೆ. ಕೊಳೆತ ಎಲೆಚೂರೂ ಗುಲಾಬಿಯಾಗುತ್ತದೆ. ಅವಸರದವರು ಅದನ್ನೂ ಎಣಿಸುತ್ತಾರೆ. ಲೇಬಲ್ ಕೂಡ ಹಾಗೇ: ಪೆನ್ನಿನಲ್ಲಿ ಬರೆದರೆ ಆಲ್ಕೋಹಾಲ್‌ನಲ್ಲಿ ಶಾಯಿ ಕರಗುತ್ತದೆ. ಪೆನ್ಸಿಲ್ಲೇ ಬೇಕು, ಚೀಟಿ ಬಾಟಲಿಯ ಒಳಗೇ ಇರಬೇಕು. ಎಲ್ಲಿಯದು, ಎಷ್ಟು ಆಳದ್ದು ಅಂತ ಗೊತ್ತಿಲ್ಲದ ಹುಳ ಬರೀ ಹುಳ.

ಊರಿಗೆ ಮರಳಿದ ಮೇಲೆ ಥಾಮ್ಸನ್‌ಗೆ ಸರ್ ಪದವಿ ಬಂತು, ಜೊತೆಗೆ ಜಗಳಗಳೂ ಬಂದವು. ದೇಶ ನೋಡದೆ ಆಯಾ ಪ್ರಾಣಿಯ ಒಳ್ಳೇ ತಜ್ಞರಿಗೇ ಮಾದರಿ ಕಳಿಸುತ್ತೇನೆ ಅಂದ. ಮುಳ್ಳುಚೆಂಡುಗಳು ಅಮೆರಿಕದ ಅಲೆಕ್ಸಾಂಡರ್ ಅಗಾಸಿಗೆ, ರೇಡಿಯೋಲೇರಿಯಾ ಎಂಬ ಸೂಕ್ಷ್ಮ ಕಡಲಜೀವಿಗಳು ಜರ್ಮನಿಯ ಅದೇ ಹೆಕೆಲ್‌ಗೆ ಹೋದವು. ಬ್ರಿಟನ್ನಿನ ಕೆಲವರು ಸಿಟ್ಟಾದರು. ಖಜಾನೆಯವರು ಖರ್ಚಿನ ಲೆಕ್ಕ ಕೇಳುತ್ತಿದ್ದರು. ಆರೋಗ್ಯ ಕುಸಿಯಿತು. 1882ರಲ್ಲಿ, 52ನೇ ವಯಸ್ಸಿಗೆ, ಬಾನ್‌ಸೈಡ್‌ನಲ್ಲೇ ತೀರಿಕೊಂಡ. 50 ಸಂಪುಟಗಳ ವರದಿಯನ್ನು 1895ರಲ್ಲಿ ಮುಗಿಸಿದವನು ಅದೇ ಯಾನದಲ್ಲಿದ್ದ ವಿಜ್ಞಾನಿ ಜಾನ್ ಮರ್ರಿ.

ಆ ಮಾದರಿಗಳಲ್ಲಿ ಬಹಳಷ್ಟು ಈಗ ಲಂಡನ್ನಿನ ನ್ಯಾಚುರಲ್ ಹಿಸ್ಟರಿ ಮ್ಯೂಸಿಯಂನಲ್ಲಿವೆ. 2020ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ಚಾಲೆಂಜರ್ ತಂದ ಪ್ಲ್ಯಾಂಕ್ಟನ್ (ನೀರಲ್ಲಿ ತೇಲುವ ಸಣ್ಣ ಜೀವಿ) ಚಿಪ್ಪುಗಳನ್ನು ಈಚಿನ ಟಾರಾ ಸಂಶೋಧನಾ ನೌಕೆ ತಂದ ಚಿಪ್ಪುಗಳ ಜೊತೆ ಸ್ಕ್ಯಾನ್ ಮಾಡಿ ಹೋಲಿಸಿದರು. ಈಚಿನವು ಶೇಕಡ 76ರವರೆಗೆ ತೆಳುವಾಗಿದ್ದವು. ಸಮುದ್ರ ಹುಳಿಯಾಗುತ್ತಿರುವುದು ಇದಕ್ಕೆ ಕಾರಣವಿರಬೇಕು ಅನ್ನುತ್ತಾರೆ. ಹೀಗೆ ಹೋಲಿಸಲು ಆದದ್ದು ಎಲ್ಲಿ, ಯಾವಾಗ ಹಿಡಿದದ್ದು ಅಂತ ಚಾಲೆಂಜರ್‌ನವರು ಬರೆದಿಟ್ಟಿದ್ದರಿಂದ.