ಭಾಷಾ ಸಮ್ಮಿಲನ: ಪದ ಅವರವರದು, ವಾಕ್ಯ ಎಲ್ಲರದು

ಬೆಳಗಾವಿ, ವಿಜಯಪುರ ಕಡೆಯಿಂದ ಬಂದು ಪುಣೆಯಲ್ಲಿ ನೆಲೆಸಿದವರ ಮನೆಗಳಲ್ಲಿ ‘ಫೋನ್ ಹಚ್ಚು’, ‘ಟಿವಿ ಹಚ್ಚು’ ಎನ್ನುವುದು ದಿನನಿತ್ಯದ ಮಾತು. ಮೈಸೂರಿನ ಕಿವಿಗೆ ದೀಪ ಹಚ್ಚುವುದು ಸಹಜ, ಫೋನ್ ಹಚ್ಚುವುದು ಅಪರಿಚಿತ. ಮರಾಠಿಯಲ್ಲಿ ದೀಪಕ್ಕೂ ಫೋನಿಗೂ ಟಿವಿಗೂ ‘ಲಾವಣೆ’ ಎಂಬ ಒಂದೇ ಕ್ರಿಯಾಪದ ಸಾಕು. ‘ಹಚ್ಚು’ ಅಚ್ಚಗನ್ನಡದ ಪದವೇ. ಅದರ ಬಳಕೆ ಇಲ್ಲಿ ಮರಾಠಿಯ ಜಾಡು ಹಿಡಿದಿದೆ. ಹೀಗೆ ಅಕ್ಕಪಕ್ಕದಲ್ಲಿ ಬಾಳುವ ಭಾಷೆಗಳು ತಮ್ಮ ತಮ್ಮ ಪದಗಳನ್ನು ಉಳಿಸಿಕೊಂಡೇ ಅರ್ಥದಲ್ಲಿಯೂ ವಾಕ್ಯದ ಕಟ್ಟಿನಲ್ಲಿಯೂ ಒಂದನ್ನೊಂದು ಹೋಲತೊಡಗುವುದೇ ಭಾಷಾ ಸಮ್ಮಿಲನ.

ಇದು ಎರವಲಿಗಿಂತ ಬೇರೆ. ಎರವಲಿನಲ್ಲಿ ಪದವೇ ಹೊರಗಿನಿಂದ ಬರುತ್ತದೆ. ಮುಂಬಯಿಯ ಲೋಕಲ್ ರೈಲಿನಲ್ಲಿ ಕನ್ನಡದಲ್ಲಿ ಆರಂಭಿಸಿದ ಮಾತನ್ನು ಹಿಂದಿಗೆ ಹೊರಳಿಸಿ ಮರಾಠಿಯಲ್ಲಿ ಮುಗಿಸುವುದೂ ಸಮ್ಮಿಲನವಲ್ಲ.

ಈ ಪರಿಕಲ್ಪನೆಗೆ ಜಗತ್ತಿನಾದ್ಯಂತ ಕೊಡುವ ಉದಾಹರಣೆ ಮಹಾರಾಷ್ಟ್ರದ್ದೇ, ಅದರಲ್ಲಿ ಕನ್ನಡವೂ ಇದೆ. ಸಾಂಗಲಿ ಜಿಲ್ಲೆಯ ಕುಪ್ವಾರ್ ಎಂಬ ಹಳ್ಳಿಯ ಮಾತನ್ನು ಅಧ್ಯಯನ ಮಾಡಿದ ಜಾನ್ ಗಂಪರ್ಜ್ ಮತ್ತು ರಾಬರ್ಟ್ ವಿಲ್ಸನ್ 1971ರಲ್ಲಿ ತಮ್ಮ ಪ್ರಬಂಧ ಪ್ರಕಟಿಸಿದರು. ಅಲ್ಲಿ ಜೈನರೂ ಲಿಂಗಾಯತರೂ ಕನ್ನಡ ಆಡುತ್ತಿದ್ದರು, ಮುಸ್ಲಿಮರು ಉರ್ದು ಆಡುತ್ತಿದ್ದರು, ಮರಾಠಿಯವರೂ ಕೆಲವು ತೆಲುಗರೂ ಇದ್ದರು. ‘ಸೊಪ್ಪನ್ನು ಸ್ವಲ್ಪ ಕೊಯ್ದು ತೆಗೆದುಕೊಂಡು ಬಂದೆ’ ಎಂಬುದನ್ನು ಅಲ್ಲಿನ ಉರ್ದುವಿನಲ್ಲಿ ‘ಪಾಲಾ ಜರಾ ಕಾಟ್ ಕೇ ಲೇ ಕೇ ಆಯಾ’ ಎನ್ನುತ್ತಿದ್ದರು, ಮರಾಠಿಯಲ್ಲಿ ‘ಪಾಲಾ ಜರಾ ಕಾಪೂನ್ ಘೇಊನ್ ಆಲೋ’, ಕನ್ನಡದಲ್ಲಿ ‘ತಾಪ್ಲಾ ಜರಾ ಖೋದಿ ತಗೊಂಡಿ ಬೈನ್’. ಒಂದರ ಕೆಳಗೊಂದು ಬರೆದು ನೋಡಿ: ಪದಕ್ಕೆ ಪದ, ಪ್ರತ್ಯಯಕ್ಕೆ ಪ್ರತ್ಯಯ ಕೂಡಿ ಬರುತ್ತದೆ. ಶಿಷ್ಟ ಮರಾಠಿಯಲ್ಲಿ ನದಿ ಸ್ತ್ರೀಲಿಂಗ. ಕುಪ್ವಾರಿನ ಮರಾಠಿಯಲ್ಲಿ ಅದು ಕನ್ನಡದಂತೆಯೇ ನಪುಂಸಕ. ಕನ್ನಡವೂ ಕೊಟ್ಟು ಸುಮ್ಮನಿರಲಿಲ್ಲ. ‘ಇದು ನಿಮ್ಮ ಮನೆ’ ಎಂದರೆ ನಮಗೆ ವಾಕ್ಯ ಮುಗಿಯಿತು. ಅಲ್ಲಿನ ಕನ್ನಡ ಮರಾಠಿ, ಉರ್ದುಗಳಂತೆ ಕೊನೆಯಲ್ಲಿ ‘ಇದೆ’ ಎಂಬರ್ಥದ ಕ್ರಿಯಾಪದವನ್ನೂ ಬೇಡುತ್ತಿತ್ತು.

ಇಷ್ಟು ಹತ್ತಿರ ಬಂದ ಮೇಲೆ ಒಂದೇ ಭಾಷೆಯಾಗಿಬಿಡಲಿಲ್ಲ ಏಕೆ? ಈ ಪ್ರಬಂಧದಲ್ಲಿ ನನಗೆ ಅತ್ಯಂತ ಮುಖ್ಯವೆನಿಸುವ ಪ್ರಶ್ನೆ ಇದು. ಹೊಲ, ಸಂತೆ, ವ್ಯವಹಾರಗಳಲ್ಲಿ ಊರಿನವರು ಸದಾ ಬೆರೆಯುತ್ತಿದ್ದರು. ಒಂದು ಭಾಷೆಯಿಂದ ಇನ್ನೊಂದಕ್ಕೆ ಸಲೀಸಾಗಿ ದಾಟಲು ಒಂದೇ ಬಗೆಯ ವಾಕ್ಯರಚನೆ ನೆರವಾಯಿತು. ಮನೆಯೊಳಗಿನ ಮಾತು ಮಾತ್ರ ಜಾತಿ, ಧರ್ಮಗಳ ಗುರುತಿಗೆ ಅಂಟಿಕೊಂಡಿತ್ತು. ಹೊರಗಿನವರೊಡನೆ ತಮ್ಮ ಮನೆಮಾತು ಆಡಿದರೆ ಅತಿ ಸಲುಗೆ ತೋರಿದಂತೆ, ಅವರದನ್ನು ಆಡಿದರೆ ಮೈಮೇಲೆ ಬಿದ್ದು ಒಡನಾಟ ಬೆಳೆಸಿದಂತೆ. ಹಾಗಾಗಿ ಗುಂಪುಗಳ ನಡುವೆ ಮರಾಠಿ ಬಳಕೆಯಾಗುತ್ತಿತ್ತು. ಊರಿನ ಹೆಚ್ಚಿನವರಿಗೆ ಅದು ಮನೆಮಾತಾಗಿರಲಿಲ್ಲ, ಆದ್ದರಿಂದಲೇ ಅದು ಯಾರ ಪಕ್ಷವೂ ಅಲ್ಲ.

ಪುಣೆ, ಮುಂಬಯಿಗಳ ಕನ್ನಡವನ್ನು ‘ಕಲಬೆರಕೆ’ ಎಂದು ಹೀಗಳೆಯುವವರ ಮಾತು ನನಗೆ ಒಪ್ಪಿಗೆಯಿಲ್ಲ. ನೆರೆಯವರೊಡನೆ ಬದುಕಿದ ಭಾಷೆಯ ಮೈಮೇಲೆ ಆ ಬದುಕಿನ ಗುರುತು ಇರಲೇಬೇಕು. 1956ರಲ್ಲಿ ಭಾಷಾವಿಜ್ಞಾನಿ ಎಮೆನೋ ಇಡೀ ಭಾರತವನ್ನೇ ಒಂದು ಭಾಷಿಕ ವಲಯವೆಂದು ಕರೆದದ್ದು ಇಂಥ ಹೋಲಿಕೆಗಳ ಆಧಾರದ ಮೇಲೆಯೇ.

ಕೊಡುಕೊಳ್ಳುವಿಕೆ ಎಷ್ಟು ಹಳೆಯದೆಂಬುದಕ್ಕೆ ಮರಾಠಿಯ ಸರ್ವನಾಮಗಳನ್ನು ನೋಡಬೇಕು. ಕೇಳುಗರನ್ನೂ ಸೇರಿಸಿದ ‘ನಾವು’ ಅಲ್ಲಿ ‘ಆಪಣ್’. ಅವರನ್ನು ಬಿಟ್ಟ ‘ನಾವು’ ‘ಆಮ್ಹಿ’. ಈ ಭೇದ ದ್ರಾವಿಡ ಭಾಷೆಗಳ ಪ್ರಭಾವದಿಂದ ಬಂದದ್ದೆಂದು ಅನೇಕ ವಿದ್ವಾಂಸರು ಭಾವಿಸುತ್ತಾರೆ. ತುಳುವಿನಲ್ಲಿ ‘ನಮ’, ‘ಎಂಕುಲು’ ಎಂದು ಅದು ಇಂದಿಗೂ ಉಳಿದಿದೆ. ಇಂದಿನ ಕನ್ನಡದಲ್ಲಿ ಎರಡಕ್ಕೂ ‘ನಾವು’ ಒಂದೇ. ಹೊಸದಾಗಿ ಮರಾಠಿ ಕಲಿಯುವ ಕನ್ನಡಿಗರು ಎಚ್ಚರ ವಹಿಸಬೇಕಾದ ಜಾಗವೂ ಇದೇ. ಸಹೋದ್ಯೋಗಿಯನ್ನು ಊಟಕ್ಕೆ ಕರೆಯುವಾಗ ‘ಆಮ್ಹಿ’ ಎಂದರೆ, ಅವರನ್ನು ಬಿಟ್ಟು ನಾವಷ್ಟೇ ಹೊರಟಿದ್ದೇವೆ ಎಂದು ಹೇಳಿದಂತಾಗುತ್ತದೆ.