ಗೋಧಿಯ ಬೆಲೆ, ಗೇಣಿಯ ಲೆಕ್ಕ

1815ರ ಮಾರ್ಚ್ ತಿಂಗಳಲ್ಲಿ ಲಂಡನ್ನಿನ ಸಂಸತ್ ಭವನಕ್ಕೆ ಸೈನಿಕರ ಕಾವಲು ಹಾಕಬೇಕಾಯಿತು. ಒಳಗೆ ಒಂದು ಮಸೂದೆಯ ಚರ್ಚೆ ನಡೆದಿತ್ತು, ಹೊರಗೆ ಬ್ರೆಡ್ಡಿನ ಬೆಲೆ ಏರುತ್ತದೆಂದು ಹೆದರಿದ ಜನ ಗಲಭೆ ಎಬ್ಬಿಸಿದ್ದರು. ದೇಶದೊಳಗೆ ಗೋಧಿಯ ದರ ಒಂದು ಕ್ವಾರ್ಟರ್‌ಗೆ, ಅಂದರೆ ಸುಮಾರು 220 ಕಿಲೋಗೆ, 80 ಶಿಲ್ಲಿಂಗ್ ಮುಟ್ಟುವ ತನಕ ಹೊರದೇಶದ ಗೋಧಿಯನ್ನು ಮಾರುಕಟ್ಟೆಗೆ ಬಿಡಕೂಡದು ಎಂಬುದು ಆ ಮಸೂದೆಯ ತಿರುಳು. ನೆಪೋಲಿಯನ್ನನೊಂದಿಗಿನ ಯುದ್ಧದ ಕಾಲದಲ್ಲಿ ಆಮದು ಕುಗ್ಗಿ, 1812ರಲ್ಲಿ ಆ ದರ 120 ಶಿಲ್ಲಿಂಗ್ ದಾಟಿತ್ತು. ಅಷ್ಟು ಬೆಲೆ ಸಿಗುವಾಗ ಗುಡ್ಡದ ಬರಡು ಇಳಿಜಾರಿನಲ್ಲೂ ನೇಗಿಲು ಹೂಡಿದರು. ಭೂಮಾಲೀಕರು ಗೇಣಿ ಏರಿಸಿದರು. ಶಾಂತಿ ಬಂದು ದರ ಕುಸಿಯತೊಡಗಿದಾಗ ಅವರಿಗೆ ದಿಗಿಲಾಯಿತು. ಸಂಸತ್ತಿನಲ್ಲಿ ಕುಳಿತಿದ್ದವರಲ್ಲಿ ಹೆಚ್ಚಿನವರು ಅವರೇ ಆದ್ದರಿಂದ ಮಸೂದೆ ಕಾನೂನಾಗಲು ತಡವಾಗಲಿಲ್ಲ.

ಅದಕ್ಕೆ ಕೆಲವೇ ವಾರಗಳ ಮೊದಲು ಡೇವಿಡ್ ರಿಕಾರ್ಡೊ ಒಂದು ಕಿರುಹೊತ್ತಿಗೆ ಪ್ರಕಟಿಸಿದ್ದ. ಷೇರುಪೇಟೆಯಲ್ಲಿ ಅಪಾರ ಹಣ ಗಳಿಸಿದ್ದವನು ಅವನು. ವಿಶ್ವವಿದ್ಯಾಲಯದ ಮೆಟ್ಟಿಲು ಹತ್ತಿರಲಿಲ್ಲ. 1799ರಲ್ಲಿ ಬಾತ್ ಊರಿನಲ್ಲಿದ್ದಾಗ ಆಡಂ ಸ್ಮಿತ್‌ನ ಗ್ರಂಥ ಕೈಗೆ ಸಿಕ್ಕಿ, ಅಲ್ಲಿಂದ ಅರ್ಥಶಾಸ್ತ್ರದ ಗೀಳು ಹಿಡಿಯಿತು. ಅಗ್ಗದ ಧಾನ್ಯ ದೇಶಕ್ಕೆ ಒಳ್ಳೆಯದು, ಅದನ್ನು ತಡೆಯುವುದು ದೇಶದ ಬೆಳವಣಿಗೆಯನ್ನೇ ತಡೆದಂತೆ ಎಂದು ಅವನು ವಾದಿಸಿದ. ಹಾಗೆ ಬರೆಯುವ ಹೊತ್ತಿಗೆ ಅವನೇ ಗ್ಲಾಸ್ಟರ್‌ಶೈರಿನಲ್ಲಿ ದೊಡ್ಡ ಎಸ್ಟೇಟು ಕೊಂಡು ಭೂಮಾಲೀಕನಾಗಿದ್ದ. ತನ್ನ ಜೇಬಿಗೆ ನಷ್ಟ ತರುವ ವಾದವನ್ನು ಅಷ್ಟು ಗಟ್ಟಿಯಾಗಿ ಮಂಡಿಸಿದವರು ಅರ್ಥಶಾಸ್ತ್ರದ ಚರಿತ್ರೆಯಲ್ಲಿ ಹೆಚ್ಚು ಜನ ಸಿಗುವುದಿಲ್ಲ.

ಇಂದು ರಿಕಾರ್ಡೊ ಎಂದರೆ ತರಗತಿಯಲ್ಲಿ ನೆನಪಾಗುವುದು ಇಂಗ್ಲೆಂಡಿನ ಬಟ್ಟೆ, ಪೋರ್ಚುಗಲ್ಲಿನ ದ್ರಾಕ್ಷಾರಸ. ಅದೊಂದೇ ಉದಾಹರಣೆಯನ್ನು ಕತ್ತರಿಸಿ ತೆಗೆದು ಪಠ್ಯಕ್ಕೆ ಅಂಟಿಸಿದ್ದಾರೆ. ಅದು ಹುಟ್ಟಿದ ಜಗಳ ಬೇರೆಯೇ ಆಗಿತ್ತು: ದುಡಿಮೆಯಿಂದ ಮಿಕ್ಕ ಉತ್ಪತ್ತಿ ಯಾರ ಕೈ ಸೇರುತ್ತದೆ, ಮತ್ತು ಆ ಕೈ ಅದನ್ನು ಏನು ಮಾಡುತ್ತದೆ? ವ್ಯಾಪಾರದ ಸಿದ್ಧಾಂತವನ್ನು ಈ ಪ್ರಶ್ನೆಯಿಂದ ಬಿಡಿಸಿ ಓದಿದರೆ ಅದು ಒಂದು ಜಾಣ ಗಣಿತದ ಲೆಕ್ಕವಾಗಿ ಉಳಿಯುತ್ತದೆ, ಅಷ್ಟೆ.

ಸ್ಮಿತ್ 1776ರಲ್ಲೇ ದಾರಿ ಹಾಕಿಕೊಟ್ಟಿದ್ದ. ಗುಂಡುಸೂಜಿಯ ಕಾರ್ಖಾನೆಯಲ್ಲಿ ಹತ್ತು ಜನ ಕೆಲಸ ಹಂಚಿಕೊಂಡು ದಿನಕ್ಕೆ 48,000 ಸೂಜಿ ಮಾಡುತ್ತಾರೆಂಬ ಅವನ ಉದಾಹರಣೆ ಎಲ್ಲರಿಗೂ ಗೊತ್ತು. ಹಾಗೆ ಕೆಲಸ ಹಂಚಬೇಕಾದರೆ ಮೊದಲು ಯಾರೋ ತಂತಿ ಕೊಂಡಿರಬೇಕು, ಉಪಕರಣ ಒದಗಿಸಿರಬೇಕು, ಸೂಜಿ ಮಾರಾಟವಾಗುವ ತನಕ ಕೂಲಿ ಕೊಟ್ಟಿರಬೇಕು. ಆ ಮುಂಗಡವೇ ಬಂಡವಾಳ. ಅದು ಬೆಳೆಯುವುದು ಲಾಭದಲ್ಲಿ ಒಂದು ಪಾಲನ್ನು ಉಣ್ಣದೆ ಉಳಿಸಿ ಮತ್ತೆ ಕೆಲಸಕ್ಕೆ ಹೂಡಿದಾಗ. ಲಾಭ ಬತ್ತಿದರೆ ಬೆಳವಣಿಗೆಯೂ ನಿಲ್ಲುತ್ತದೆ. ಹಾಗಾದರೆ ಲಾಭ ಬತ್ತುವುದು ಯಾವಾಗ? ರಿಕಾರ್ಡೊ ಉತ್ತರ ಹುಡುಕಿದ್ದು ಹೊಲದಲ್ಲಿ.

ಅವನ ತರ್ಕವನ್ನು ಸಣ್ಣ ಅಂಕಿಗಳಲ್ಲಿ ನೋಡೋಣ. ಒಂದೇ ಅಳತೆಯ ಮೂರು ಹೊಲಗಳಿವೆ. ಮೂರಕ್ಕೂ ಬೀಜ, ಕೂಲಿ, ಎತ್ತಿನ ಮೇವು ಎಲ್ಲ ಸೇರಿ 60 ಚೀಲ ಗೋಧಿಯಷ್ಟೇ ಖರ್ಚು. ಮೊದಲನೆಯದು 100 ಚೀಲ ಬೆಳೆಯುತ್ತದೆ, ಎರಡನೆಯದು 90, ಮೂರನೆಯದು 80. ಜನಸಂಖ್ಯೆ ಕಡಿಮೆ ಇದ್ದು ಒಳ್ಳೆಯ ನೆಲ ಬೇಕಾದಷ್ಟು ಸಿಗುವಾಗ ಮೊದಲ ಬಗೆಯ ಹೊಲವನ್ನಷ್ಟೇ ಉಳುತ್ತಾರೆ. ಆಗ 60 ಚೀಲ ಹೂಡಿದವನಿಗೆ 40 ಚೀಲ ಲಾಭ. ಅಂಥ ನೆಲಕ್ಕೆ ಗೇಣಿ ಕೊಡುವವರಿಲ್ಲ. ಬಂಡವಾಳ ಬೆಳೆದು, ಉಣ್ಣುವ ಬಾಯಿ ಹೆಚ್ಚಿ, ಎರಡನೆಯ ಹೊಲಕ್ಕೂ ನೇಗಿಲು ಇಳಿಯಿತೆನ್ನಿ. ಅಲ್ಲಿ ಲಾಭ 30 ಚೀಲ ಮಾತ್ರ. ಮೊದಲ ಹೊಲದ ರೈತನಿಗಾದರೂ 40 ಉಳಿಯುತ್ತದೆಯೇ? ಉಳಿಯುವುದಿಲ್ಲ. ಆ ಹೊಲ ಬೇಕೆಂದು ಹತ್ತು ಜನ ಪೈಪೋಟಿಗೆ ನಿಲ್ಲುತ್ತಾರೆ, ಹೆಚ್ಚುವರಿ 10 ಚೀಲ ಗೇಣಿಯಾಗಿ ಮಾಲೀಕನ ಕಣಜ ಸೇರುತ್ತದೆ. ಮೂರನೆಯ ಹೊಲವನ್ನೂ ಉತ್ತರೆ ಎಲ್ಲರ ಲಾಭ 20ಕ್ಕೆ ಇಳಿಯುತ್ತದೆ. ಗೇಣಿ ಮೊದಲ ಹೊಲಕ್ಕೆ 20, ಎರಡನೆಯದಕ್ಕೆ 10. ಮಾಲೀಕ ಒಂದು ಗುದ್ದಲಿಯನ್ನೂ ಎತ್ತಿಲ್ಲ.

ಈ ಲೆಕ್ಕದಿಂದ ಹೊರಡುವ ಮಾತು ಅಂದಿನವರನ್ನು ಬೆಚ್ಚಿಬೀಳಿಸಿತು. ಗೇಣಿ ಹೆಚ್ಚಿದ್ದರಿಂದ ಧಾನ್ಯ ದುಬಾರಿಯಾಗಲಿಲ್ಲ, ಧಾನ್ಯ ದುಬಾರಿಯಾದ್ದರಿಂದ ಗೇಣಿ ಹೆಚ್ಚಿತು. ಬೆಲೆಯನ್ನು ನಿರ್ಧರಿಸುವುದು ಕಟ್ಟಕಡೆಯ ಬರಡು ಹೊಲದ ಖರ್ಚು. ಧಾನ್ಯದ ಬೆಲೆ ಏರಿದಾಗ ಕೂಲಿಕಾರ ಬದುಕಬೇಕಾದರೆ ಕೂಲಿಯ ಹಣವೂ ಏರಬೇಕು. ಆದ್ದರಿಂದ ಹೊಲದ ಬಡತನ ಗಿರಣಿಯ ಲಾಭವನ್ನೂ ತಿನ್ನುತ್ತದೆ. ಹೀಗೇ ಮುಂದುವರಿದರೆ ಒಂದು ದಿನ ಯಾರೂ ಹೊಸದಾಗಿ ಹಣ ಹೂಡಲು ಮನಸ್ಸು ಮಾಡದ ಸ್ಥಗಿತ ಸ್ಥಿತಿ ಬರುತ್ತದೆ.

ಹೊರದೇಶದ ಗೋಧಿ ಮುಖ್ಯವಾಗುವುದು ಇಲ್ಲಿ. ಅದು ಬಂದರಿಗೆ ಬಂದರೆ ಮೂರನೆಯ ಹೊಲವನ್ನು ಉಳುವ ಅಗತ್ಯವೇ ಇಲ್ಲ. ಗೇಣಿ ಇಳಿಯುತ್ತದೆ, ಲಾಭ ಚೇತರಿಸಿಕೊಳ್ಳುತ್ತದೆ, ಸ್ಥಗಿತ ಸ್ಥಿತಿ ದೂರ ಸರಿಯುತ್ತದೆ. ಎರಡು ವರ್ಷದ ಬಳಿಕ, 1817ರಲ್ಲಿ, ತನ್ನ ಮುಖ್ಯ ಗ್ರಂಥದ ಏಳನೆಯ ಅಧ್ಯಾಯದಲ್ಲಿ ಅವನು ಆ ಪ್ರಸಿದ್ಧ ಉದಾಹರಣೆ ಕೊಟ್ಟ. ಇಷ್ಟು ಬಟ್ಟೆಗೆ ಇಂಗ್ಲೆಂಡಿನಲ್ಲಿ 100 ಜನರ ಒಂದು ವರ್ಷದ ದುಡಿಮೆ ಬೇಕು, ಪೋರ್ಚುಗಲ್ಲಿನಲ್ಲಿ 90. ಇಷ್ಟು ದ್ರಾಕ್ಷಾರಸಕ್ಕೆ ಇಂಗ್ಲೆಂಡಿನಲ್ಲಿ 120, ಪೋರ್ಚುಗಲ್ಲಿನಲ್ಲಿ 80. ಎರಡರಲ್ಲೂ ಪೋರ್ಚುಗಲ್ಲಿನದೇ ಮೇಲುಗೈ. ಆದರೂ ಅದು ದ್ರಾಕ್ಷಾರಸ ಕೊಟ್ಟು ಬಟ್ಟೆ ಕೊಂಡರೆ 80 ಜನರ ದುಡಿಮೆಗೆ 90 ಜನರ ದುಡಿಮೆಯ ಬಟ್ಟೆ ಸಿಗುತ್ತದೆ. ಇಂಗ್ಲೆಂಡಿಗೆ 120ರ ವಸ್ತು 100ಕ್ಕೆ ಸಿಗುತ್ತದೆ. ಎರಡೂ ಕಡೆ ಉಳಿತಾಯ.

ಅದೇ ಅಧ್ಯಾಯದ ಒಂದು ಷರತ್ತನ್ನು ಪಠ್ಯಗಳು ಸಾಮಾನ್ಯವಾಗಿ ಒಂದು ಸಾಲಿನಲ್ಲಿ ಮುಗಿಸಿಬಿಡುತ್ತವೆ. ಬಂಡವಾಳ ತಾನಿದ್ದ ದೇಶ ಬಿಟ್ಟು ಹೋಗುವುದಿಲ್ಲ ಎಂದು ರಿಕಾರ್ಡೊ ಭಾವಿಸಿದ್ದ. ಅದು ಹೋಗುವಂತಿದ್ದರೆ ಬಟ್ಟೆಯನ್ನೂ ಪೋರ್ಚುಗಲ್ಲಿನಲ್ಲೇ ಮಾಡುವುದು ಮೇಲು ಎಂದು ಅವನೇ ಒಪ್ಪುತ್ತಾನೆ. ಪರದೇಶದಲ್ಲಿ ಹಣ ಹೂಡಲು ಜನರಿಗಿರುವ ಹಿಂಜರಿಕೆ ಸಡಿಲವಾದರೆ ತನಗೆ ಬೇಸರವಾಗುತ್ತದೆಂದೂ ಬರೆಯುತ್ತಾನೆ. ಕಾರ್ಖಾನೆಗಳೇ ಖಂಡ ದಾಟುವ ಇಂದಿನ ವ್ಯಾಪಾರವನ್ನು ಅವನ ಹೆಸರಿನಲ್ಲಿ ಸಮರ್ಥಿಸುವವರು ಈ ಪುಟವನ್ನು ನಿಧಾನವಾಗಿ ಓದಬೇಕು ಎಂದು ನನಗೆ ಬಲವಾಗಿ ಅನಿಸುತ್ತದೆ. ಯಂತ್ರಗಳ ವಿಷಯದಲ್ಲೂ ಅವನು ಹಟ ಹಿಡಿಯಲಿಲ್ಲ. ಯಂತ್ರ ಬಂದರೆ ಎಲ್ಲರಿಗೂ ಒಳಿತೆಂದು ನಂಬಿದ್ದವನು 1821ರ ಮೂರನೆಯ ಆವೃತ್ತಿಗೆ ಹೊಸ ಅಧ್ಯಾಯ ಸೇರಿಸಿ, ಕೂಲಿಕಾರರಿಗೆ ಯಂತ್ರದಿಂದ ನಿಜವಾಗಿಯೂ ಪೆಟ್ಟು ಬೀಳಬಹುದು ಎಂದ.

ಧಾನ್ಯದ ಕಾನೂನು ರದ್ದಾದದ್ದು 1846ರಲ್ಲಿ, ಐರ್ಲೆಂಡಿನಲ್ಲಿ ಆಲೂಗಡ್ಡೆ ಬೆಳೆ ಕೊಳೆತು ಕ್ಷಾಮ ತಲೆದೋರಿದ ಹೊತ್ತಿನಲ್ಲಿ. 1823ರಲ್ಲೇ ತೀರಿಕೊಂಡಿದ್ದ ರಿಕಾರ್ಡೊ ಅದನ್ನು ನೋಡಲಿಲ್ಲ. ಅವನು ಹೆದರಿದ್ದ ಸ್ಥಗಿತ ಸ್ಥಿತಿಯೂ ಬರಲಿಲ್ಲ. ಗೊಬ್ಬರ, ಬಸಿಗಾಲುವೆ, ರೈಲು, ಉಗಿಹಡಗು, ಅಮೆರಿಕದ ಬಯಲಿನ ಗೋಧಿ ಎಲ್ಲ ಸೇರಿ ಅದನ್ನು ಹಿಂದಕ್ಕೆ ತಳ್ಳಿದವು.

ಆದರೆ ಗೇಣಿಯ ಸಿದ್ಧಾಂತ ಅಷ್ಟರಲ್ಲಿ ನಮ್ಮ ನೆಲಕ್ಕೂ ಬಂದಿಳಿದಿತ್ತು. ಬರೆಯಲು ಹಿಂಜರಿಯುತ್ತಿದ್ದ ರಿಕಾರ್ಡೊನ ಬೆನ್ನು ಬಿಡದೆ ಗ್ರಂಥ ಬರೆಸಿದ ಗೆಳೆಯ ಜೇಮ್ಸ್ ಮಿಲ್, 1819ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಲಂಡನ್ ಕಚೇರಿಗೆ ಸೇರಿದ. ಕಂದಾಯದ ಕಡತಗಳು ಅವನ ಮೇಜಿಗೆ ಬಂದವು. ಗೇಣಿ ಯಾರ ದುಡಿಮೆಯ ಫಲವೂ ಅಲ್ಲವಾದ್ದರಿಂದ ಸರ್ಕಾರ ಅದನ್ನು ತೆಗೆದುಕೊಂಡರೆ ಉತ್ಪಾದನೆಗೆ ಧಕ್ಕೆಯಿಲ್ಲ, ಭಾರತದಲ್ಲಿ ಸರ್ಕಾರವೇ ಭೂಮಾಲೀಕ ಎಂಬುದು ಅವನ ನಿಲುವು. ಕಂಪನಿಯ ಅಧಿಕಾರಿಗಳನ್ನು ತರಬೇತು ಮಾಡುತ್ತಿದ್ದ ಹೇಲಿಬರಿ ಕಾಲೇಜಿನಲ್ಲಿ ಅರ್ಥಶಾಸ್ತ್ರ ಕಲಿಸುತ್ತಿದ್ದವನು ಥಾಮಸ್ ಮಾಲ್ಥಸ್. ಧಾನ್ಯದ ಕಾನೂನಿನ ವಿಷಯದಲ್ಲಿ ರಿಕಾರ್ಡೊನ ಎದುರಾಳಿ, ಗೇಣಿಯ ವಿವರಣೆಯಲ್ಲಿ ಜೊತೆಗಾರ. ಅಲ್ಲಿ ಓದಿದ ಪ್ರಿಂಗಲ್ ಎಂಬ ಅಧಿಕಾರಿ 1820ರ ದಶಕದ ಕೊನೆಯಲ್ಲಿ ಪುಣೆಯ ಸೀಮೆಯಲ್ಲಿ ಭೂಮಿ ಅಳೆಸಿದ. ಪ್ರತಿ ಬಗೆಯ ಮಣ್ಣಿಗೂ ಬೆಳೆ ಎಷ್ಟು, ಖರ್ಚು ಎಷ್ಟು ಎಂದು ಲೆಕ್ಕ ಹಾಕಿಸಿ, ಮಿಕ್ಕ ನಿವ್ವಳ ಉತ್ಪತ್ತಿಯಲ್ಲಿ ಶೇ. 55ನ್ನು ಕಂದಾಯವೆಂದು ಗೊತ್ತುಮಾಡಿದ.

ಕಾಗದದ ಮೇಲೆ ತರ್ಕ ಸರಿಯಿತ್ತು. ಹೊಲದಲ್ಲಿ ಅದು ಮುರಿದುಬಿತ್ತು. ಮಳೆ ನಂಬಿ ಬಿತ್ತುವ ಖುಷ್ಕಿ ಭೂಮಿಯ ಸರಾಸರಿ ಫಸಲನ್ನು ಯಾವ ಗುಮಾಸ್ತ ಖಚಿತವಾಗಿ ಬರೆದುಕೊಡಬಲ್ಲ? ಕುಟುಂಬದವರೆಲ್ಲ ಸೇರಿ ದುಡಿಯುವಾಗ ಯಾರ ಕೂಲಿಯನ್ನು ಖರ್ಚಿಗೆ ಹಿಡಿಯಬೇಕು? ಲೆಕ್ಕ ತಪ್ಪಿ ಕಂದಾಯ ವಿಪರೀತವಾಯಿತು, ಅದೇ ಕಾಲಕ್ಕೆ ಧಾನ್ಯದ ದರವೂ ಕುಸಿಯಿತು. ರೈತರು ಹೊಲ ಬೀಳುಬಿಟ್ಟು ಹೊರಟುಹೋದರು. 1835ರ ಬಳಿಕ ಗೋಲ್ಡ್‌ಸ್ಮಿಡ್ ಮತ್ತು ವಿಂಗೇಟ್ ಎಂಬ ಅಧಿಕಾರಿಗಳು ಹೊಸ ಮೋಜಣಿ ಶುರುಮಾಡಿದಾಗ ನಿವ್ವಳ ಉತ್ಪತ್ತಿಯ ಗೋಜಿಗೇ ಹೋಗಲಿಲ್ಲ. ಹಿಂದೆ ರೈತರು ನಿಜವಾಗಿ ಎಷ್ಟು ಕಟ್ಟಿದ್ದರು, ಮಾರುಕಟ್ಟೆ ಎಷ್ಟು ದೂರ, ಮಳೆ ಹೇಗೆ ಎಂದು ನೋಡಿ ಇಡೀ ತಾಲ್ಲೂಕಿಗೆ ಒಂದು ದರ ಗೊತ್ತುಮಾಡಿದರು. ಮಣ್ಣಿನ ಬಣ್ಣ ಮತ್ತು ಆಳ ನೋಡಿ ಹೊಲಗಳನ್ನು ಒಂಬತ್ತು ತರಗತಿಯಾಗಿ ವಿಂಗಡಿಸಿ, ಉತ್ತಮವಾದದ್ದಕ್ಕೆ 16 ಆಣೆಯಿಂದ, ಅಂದರೆ ಪೂರ್ತಿ ದರದಿಂದ, ಹಿಡಿದು ಕೆಳಕ್ಕೆ ಬೆಲೆ ಕಟ್ಟಿದರು. ಕಂದಾಯವನ್ನು 30 ವರ್ಷ ಬದಲಿಸುವುದಿಲ್ಲವೆಂದು ಮಾತುಕೊಟ್ಟರು. 1840ರ ದಶಕದಲ್ಲಿ ಈ ಪದ್ಧತಿ ಧಾರವಾಡದ ಎರೆ ಹೊಲಗಳಿಗೂ ಮಸಾರಿ ಹೊಲಗಳಿಗೂ ಬಂತು. 1863ರಲ್ಲಿ ಮೈಸೂರು ಸಂಸ್ಥಾನವೂ ಅದೇ ಮಾದರಿಯಲ್ಲಿ ತನ್ನ ಮೋಜಣಿ ಇಲಾಖೆ ತೆರೆಯಿತು.